ಹಿಡಿ ತಿರುಗಿಸಿದ ಕೈ

ಆಲೂಗಡ್ಡೆ ಹೊಲ ಬಿಟ್ಟು ಸಿನಿಮಾ ಹಿಡಿಯುವ ಪೆಟ್ಟಿಗೆ ಹೊತ್ತವನಿಗೆ ನಂಜನಾಡು ಹಟ್ಟಿಯಲ್ಲಿ ಮರ್ಯಾದೆ ಎಲ್ಲಿಂದ ಬರಬೇಕು? ಆದರೂ ಭೋಜನ್ ಹಟ ಬಿಡಲಿಲ್ಲ. ಉದಕಮಂಡಲದಲ್ಲಿ ದುಡ್ಡಿಗಾಗಿ ಮುಷ್ಟಿಕಾಳಗ ಆಡುವವರನ್ನೆಲ್ಲ ವರ್ಷಗಟ್ಟಲೆ ಚಿತ್ರ ಹಿಡಿದ. ಅವನ ಚಿತ್ರದಲ್ಲಿ ರಾಜನಿಲ್ಲ, ರಾಣಿಯಿಲ್ಲ, ಬೀಳುವ ಪೆಟ್ಟೆಲ್ಲ ನಿಜ. ಅದೇ ಅವನ ಜಂಬ.

ಆ ಜಂಬಕ್ಕೆ ಮಣ್ಣು ಹಾಕಿದ್ದು ಪ್ರೀತಿ. ಅವನ ಹಟ್ಟಿಯವನೇ ಆದ ಮುಷ್ಟಿಕಾಳಗದ ಆಟಗಾರ ದೇವನಿಗೆ ವಯಸ್ಸಾಗುತ್ತ ಬಂದು ಕಾಲು ಭಾರವಾಗಿತ್ತು. ಚಿತ್ರ ಹಿಡಿಯುವಾಗ ಪೆಟ್ಟಿಗೆಯ ಹಿಡಿಯನ್ನು ನಿಧಾನ ತಿರುಗಿಸಿದರೆ ಪರದೆಯ ಮೇಲೆ ಮನುಷ್ಯ ಚುರುಕಾಗಿ ಕಾಣುತ್ತಾನೆ. ನಮ್ಮವನು ನಾಲ್ಕು ಜನರ ಮುಂದೆ ನಗೆಪಾಟಲಾಗಬಾರದೆಂದು ಭೋಜನ್ ಒಂದೇ ಒಂದು ಸಲ ಹಾಗೆ ಮಾಡಿದ. ಸಿನಿಮಾ ಟೆಂಟಿನಲ್ಲಿ ದೇವ ಚಿರತೆಯ ಹಾಗೆ ಕಂಡ. ಊರೇ ಹಿಗ್ಗಿತು. ಟೆಂಟಿನ ಯಜಮಾನ ರಂಗನಾಥನ್ ಇನ್ನೂ ಹಿಗ್ಗಿ, ಮದರಾಸಿನಿಂದ ಹರೆಯದ ಆಟಗಾರನೊಬ್ಬನನ್ನು ಕರೆಸಿ ದೇವನ ಎದುರು ಪಂದ್ಯ ಗೊತ್ತು ಮಾಡಿಬಿಟ್ಟ.

ಆ ಹುಡುಗನ ಕೈಗೆ ಸಿಕ್ಕರೆ ದೇವ ಉಳಿಯುವುದಿಲ್ಲ. ಪಂದ್ಯದ ಬೆಳಿಗ್ಗೆ ಭೋಜನ್ ಅವನ ಮನೆಗೆ ಓಡಿದ.

"ಹೋಗ್ಬೇಡ ದೇವಾ. ಆ ಚುರುಕು ನಿಂದಲ್ಲ, ನನ್ನ ಕೈಯದು. ಹಿಡಿ ನಿಧಾನ ತಿರುಗಿಸಿದ್ದೆ."

"ಕಣ್ಣಾರೆ ನೋಡಿದ್ದೀನಲ್ಲ ಅಣ್ಣಾ. ಮನುಷ್ಯ ಸುಳ್ಳು ಹೇಳ್ಬೋದು, ಚಿತ್ರ ಹೇಳಲ್ಲ ಅಂತ ನೀನೇ ಹೇಳ್ತಿದ್ದೆ."

ಹೀಗೆಂದವನೇ ಹಟ್ಟಿಯ ಪದ್ಧತಿಯಂತೆ ಹಿರಿಯನ ಮುಂದೆ ತಲೆ ಬಾಗಿಸಿದ. ಬಾಗಿದ ತಲೆಗೆ ಕೈ ಇಡದವನು ಶಾಪ ಕೊಟ್ಟ ಹಾಗೆ. ಭೋಜನ್ ಕೈ ಬಿಗಿಹಿಡಿದು ನಿಂತ. ದೇವ ಬಾಗಿಯೇ ಇದ್ದ. ಬಾಗಿಲಲ್ಲಿ ಅವನ ತಾಯಿ ಕಾಳಿಯಮ್ಮ ನೋಡುತ್ತಿದ್ದಳು. ಕೊನೆಗೆ ಆ ಹಾಳು ಕೈ ತಾನಾಗಿಯೇ ತಲೆಯ ಮೇಲೆ ಹೋಯಿತು.

"ಬದುಕು, ಬದುಕು" ಎಂದ.

ಹರಸಿದ ಮೇಲೆ ತಡೆಯುವುದುಂಟೆ? ದೇವ ಹೊರಟೇಬಿಟ್ಟ.

ಪಂದ್ಯದಲ್ಲಿ ಭೋಜನ್ ಹಿಡಿಯನ್ನು ಸರಿಯಾದ ವೇಗದಲ್ಲೇ ತಿರುಗಿಸಿದ. ದೇವನ ತಲೆಗೆ ಪೆಟ್ಟಿನ ಮೇಲೆ ಪೆಟ್ಟು. ಭೋಜನ್‌ಗೆ ಕಣ್ಣೀರು ಇಳಿಯುತ್ತಿತ್ತು, ಕೈ ಮಾತ್ರ ನಿಲ್ಲಲಿಲ್ಲ. ಇದನ್ನು ನೋಡಿದವರು ಇನ್ನು ವಯಸ್ಸಾದ ಯಾರನ್ನೂ ಹಗ್ಗ ಕಟ್ಟಿದ ಕಣದೊಳಗೆ ಇಳಿಸಲಾರರು ಎಂದುಕೊಂಡ, ಪುಣ್ಯಾತ್ಮ.

ಚಿತ್ರ ನೋಡಿ ರಂಗನಾಥನ್ ಮುಖ ಸಿಂಡರಿಸಿದ. "ಏನಪ್ಪಾ ಇದು, ಸಾವಿನ ಮನೆ ಹಾಗಿದೆ. ಜನ ಎದ್ದು ಹೋಗ್ತಾರೆ."

ಟೆಂಟಿನಲ್ಲಿ ಚಿತ್ರ ತೋರಿಸುವ ಯಂತ್ರದ ವೇಗ ಏರಿಸಿಬಿಟ್ಟ. ಪರದೆಯ ಮೇಲೆ ದೇವ ಪಟಪಟನೆ ಪೆಟ್ಟು ತಿಂದ, ಬಿದ್ದ, ಬೊಂಬೆಯಂತೆ ಎದ್ದ, ಮತ್ತೆ ಬಿದ್ದ. ಜನ ಹೊಟ್ಟೆ ಹಿಡಿದುಕೊಂಡು ನಕ್ಕರು.

ಭೋಜನ್ ಪಕ್ಕದಲ್ಲಿ ದೇವ ಕೂತಿದ್ದ. ಪೆಟ್ಟು ಬಿದ್ದಂದಿನಿಂದ ಹೆತ್ತ ತಾಯಿಯ ಗುರುತೂ ಹತ್ತದವನು ಎಲ್ಲರ ಜೊತೆ ತಾನೂ ನಗುತ್ತಿದ್ದ. ನಕ್ಕು ಸಾಕಾಗಿ ಈ ಕಡೆ ತಿರುಗಿದ.

"ಯಾರಣ್ಣಾ ಅವ, ಪಾಪ?"

"ನಮ್ಮ ಹಟ್ಟಿಯವನೇ" ಎಂದ ಭೋಜನ್.