ಕಂತು ಇಳಿಯಿತು, ಮನೆಯ ಬೆಲೆ ಏರಿತು

ಎರಡು ಕೋಣೆಯ ಬಾಡಿಗೆ ಮನೆಯಲ್ಲಿ ಸೋಫಾ ರಿಪೇರಿ ಮಾಡಿಕೊಂಡು ಬದುಕುವವರ ಪಾಡು ಕೇಳಲೇಬೇಡಿ. ಮಂಚದ ಪಕ್ಕದಲ್ಲಿ ಮೂರು ಕಾಲಿನ ಸೋಫಾ, ಅಡುಗೆಮನೆಯ ಬಾಗಿಲಿಗೆ ಅಡ್ಡವಾಗಿ ಫೋಮಿನ ಹಾಳೆ. ನೀರು ಕುಡಿಯಬೇಕೆಂದರೆ ಯಾರದೋ ಮನೆಯ ಆರಾಮಕುರ್ಚಿಯನ್ನು ದಾಟಿ ಹೋಗಬೇಕು. ಗಂಡ ಮೊಳೆ ಹೊಡೆಯುತ್ತಿದ್ದ, ಹೆಂಡತಿ ಕವರು ಹೊಲಿಯುತ್ತಿದ್ದಳು. ಸ್ವಂತದ್ದೊಂದು ಮನೆ, ಮುಂದೆ ಕೆಲಸಕ್ಕೆ ಒಂದಿಷ್ಟು ಜಾಗ, ಇಷ್ಟೇ ಅವರ ಆಸೆ. ಅದಕ್ಕಾಗಿ ವರ್ಷಗಟ್ಟಲೆ ಕೂಡಿಟ್ಟ ಐದು ಲಕ್ಷ ಕೈಯಲ್ಲಿತ್ತು. ಇನ್ನು ಇಪ್ಪತ್ತು ಲಕ್ಷ ಸಾಲ ಬೇಕಿತ್ತು.

ಆ ಗಂಡನಿಗೆ ಬೀದಿಯವರು ಇಟ್ಟ ಹೆಸರು ಚೌಕಾಸಿ. ಹೆಸರು ಸುಮ್ಮನೆ ಬಂದದ್ದಲ್ಲ. ದರ ಇಳಿಸುವುದರಲ್ಲಿ ಅವನದು ಎತ್ತಿದ ಕೈ, ಒಂದು ಗುಂಡುಸೂಜಿಯನ್ನೂ ಹೇಳಿದ ಬೆಲೆಗೆ ಕೊಂಡವನಲ್ಲ. ಕಡಿಮೆಗೆ ಸಿಕ್ಕಿತು ಎಂದು ತಂದ ಮೂರು ಕೊಡೆ, ಎರಡು ಕೆಟಲ್, ಒಂದು ಮೀನಿನ ಗಾಳ ಮಂಚದ ಕೆಳಗೆ ಧೂಳು ತಿನ್ನುತ್ತಿದ್ದವು. ಮೀನಿನ ಗಾಳ ಯಾಕೆ ಎಂದು ಕೇಳಬೇಡಿ, ಅವನಿಗೆ ಕೆರೆ ಕಂಡರೇ ಭಯ.

ಅಂಥ ಚೌಕಾಸಿ ಒಂದು ಸಂಜೆ ಕೈಯಲ್ಲಿ ಕೇಕಿನ ಡಬ್ಬಿ ಹಿಡಿದು ಮೆಟ್ಟಿಲು ಎರಡೆರಡಾಗಿ ಹಾರುತ್ತ ಬಂದ.

"ಏಯ್, ಬಾರೇ ಇಲ್ಲಿ! ಗೆದ್ದೆ ಕಣೇ!"

ಹೆಂಡತಿ ಹೊಲಿಗೆ ನಿಲ್ಲಿಸಿ ಓಡಿ ಬಂದಳು. "ಏನ್ರೀ, ಸಾಲ ಸಿಕ್ತಾ?"

"ಸಾಲ ಸಿಗೋದು ಒಂದು ದೊಡ್ಡ ವಿಷಯಾನಾ? ಪೂರ್ತಿ ಕೇಳು. ಆ ಬ್ಯಾಂಕಿನ ಆಫೀಸರು ಮೊದಲು ತಿಂಗಳಿಗೆ ಇಪ್ಪತ್ತು ಸಾವಿರದ ಮೇಲೆ ಕಂತು ಅಂದ. ನಾನು ಎದ್ದು ನಿಂತ್ಬಿಟ್ಟೆ. ಬಾಗಿಲ ತನಕ ಹೋದೆ. ಕರೆದ ನೋಡು! ಹದಿನೆಂಟು ಅಂದ. ಮುಖ ಹುಳಿ ಮಾಡ್ಕೊಂಡು ಕೂತೆ. ಆಮೇಲೆ ಕಂಪ್ಯೂಟರ್ ಒತ್ತಿ ಒತ್ತಿ ಹದಿನಾರಕ್ಕೆ ಬಂದ. ಬ್ಯಾಂಕಲ್ಲೂ ಚೌಕಾಸಿ ಮಾಡಿ ಗೆದ್ದವನು ಈ ಊರಲ್ಲಿ ಯಾರಿದಾನೆ ಹೇಳು?"

ಹೆಂಡತಿಗೆ ನಗು, ಕಣ್ಣಲ್ಲಿ ನೀರು, ಎರಡೂ ಒಟ್ಟಿಗೇ ಬಂದವು. "ಹಾಗಾದ್ರೆ ಮನೆ ನಮ್ದೇನಾ?" ಎಂದಳು.

"ನಾಳಿದ್ದು ಸಹಿ. ಆಮೇಲೆ ನಮ್ದೇ."

ಸಂತೋಷವನ್ನು ತಮ್ಮಲ್ಲೇ ಇಟ್ಟುಕೊಳ್ಳುವ ಜನ ಅವರಲ್ಲ. ಕೇಕು ಕತ್ತರಿಸಿ ಒಂದು ತುಂಡನ್ನು ಕೆಳಗಡೆ ಮನೆಯ ಓನರಮ್ಮನಿಗೆ ಕೊಡಲು ಇಬ್ಬರೂ ಇಳಿದರು. ಓನರಮ್ಮ ಬ್ಯಾಂಕೊಂದರ ಸಾಲದ ವಿಭಾಗದಲ್ಲಿ ಕೆಲಸ ಮಾಡಿ ನಿವೃತ್ತರಾದವರು. ಬಾಯಿ ಸ್ವಲ್ಪ ಜೋರು, ಮನಸ್ಸು ಮಾತ್ರ ಬೆಣ್ಣೆ. ಚೌಕಾಸಿ ತನ್ನ ವಿಜಯದ ಕಥೆಯನ್ನು ಅಭಿನಯ ಸಮೇತ ಇನ್ನೊಮ್ಮೆ ಹೇಳಿದ. ಅವರು ಕೇಕು ತಿನ್ನುತ್ತ ಖುಷಿಯಿಂದಲೇ ಕೇಳಿದರು.

"ಒಳ್ಳೇದಾಯ್ತು ಕಣಪ್ಪ. ಎಷ್ಟು ವರ್ಷದ ಸಾಲ?"

"ಮೂವತ್ತು ಅಂತೇನೋ ಅಂದ್ರಮ್ಮ. ಮೊದಲು ಹದಿನೈದು ಅಂತಿದ್ರು. ವರ್ಷ ಎಷ್ಟಾದ್ರೇನು ಬಿಡಿ, ಕಂತು ಇಳೀತಲ್ಲ!"

ಓನರಮ್ಮನ ಕೈ ಬಾಯಿಗೆ ಹೋಗದೆ ಅಲ್ಲೇ ನಿಂತಿತು. "ಅಯ್ಯೋ ನನ್ನಪ್ಪಾ! ನೀನು ಗೆದ್ದಿಲ್ಲ ಕಣೋ, ಚೆನ್ನಾಗಿ ಸೋತು ಬಂದಿದೀಯ. ಸಹಿ ಹಾಕೋಕೆ ಮುಂಚೆ ಒಂದು ಸಲ ನನ್ನ ಹತ್ರ ಕೂತು ಲೆಕ್ಕ ಹಾಕು."

ಚೌಕಾಸಿಯ ಮುಖ ಇಳಿದುಹೋಯಿತು. ಮೆಟ್ಟಿಲು ಹತ್ತುವಾಗ ಗೊಣಗಿದ. "ನೋಡಿದ್ಯಾ? ನಾವು ಹೋದ್ರೆ ಬಾಡಿಗೆ ತಪ್ಪುತ್ತಲ್ಲ, ಅದಕ್ಕೇ ಹೆದರಿಸ್ತಿದಾರೆ. ಹೊಟ್ಟೆ ಉರಿ, ಇನ್ನೇನು."

ಹೆಂಡತಿ ಅಲ್ಲೇ ನಿಂತಳು. "ರೀ, ಬಾಯಿಗೆ ಬಂದ ಹಾಗೆ ಮಾತಾಡ್ಬೇಡಿ. ಹೋದ ವರ್ಷ ನಿಮಗೆ ಸೊಂಟ ಹಿಡಿದು ಮಲಗಿದ್ದಾಗ ಎರಡು ತಿಂಗಳು ಬಾಡಿಗೆ ಕೇಳದೆ ಇದ್ದವರು ಯಾರು? ಅವರಿಗೆ ನಮ್ಮ ಮೇಲೆ ಹೊಟ್ಟೆ ಉರೀನಾ?"

ಅವನು ತಲೆ ತಗ್ಗಿಸಿ ಮೆಟ್ಟಿಲು ಹತ್ತಿದ. ಗೆದ್ದೆ ಎಂಬ ಸಂಭ್ರಮದಲ್ಲಿ ಒಂದು ಮುಳ್ಳು ಹೊಕ್ಕಂತಾಯಿತು. ಕೇಕು ಕೂಡ ಮೊದಲಿನಷ್ಟು ರುಚಿಸಲಿಲ್ಲ.

ಮರುದಿನ ಬೆಳಿಗ್ಗೆ ಹೆಂಡತಿ ತಾನೇ ಹೋಗಿ ಓನರಮ್ಮನನ್ನು ಮೇಲಕ್ಕೆ ಕರೆದುಕೊಂಡು ಬಂದಳು. ಅವರು ಬ್ಯಾಂಕು ಕೊಟ್ಟ ಕಾಗದವನ್ನು ಕೈಗೆ ತೆಗೆದುಕೊಂಡು ಅರ್ಧ ರಿಪೇರಿಯಾದ ಸೋಫಾದ ಮೇಲೆ ಕೂತರು. ಒಳಗಿನ ಸ್ಪ್ರಿಂಗು ಕಿರ್ರೆಂದಿತು.

"ನೋಡಪ್ಪ, ನನ್ನ ಬಾಡಿಗೆ ಚಿಂತೆ ನಿನಗೆ ಬೇಡ," ಎಂದರು ಓನರಮ್ಮ. ಮೆಟ್ಟಿಲ ಮೇಲಿನ ಮಾತು ಅವರ ಕಿವಿಗೆ ಬಿದ್ದಿತ್ತು. ಚೌಕಾಸಿ ನಾಚಿ ತಲೆ ಕೆರೆದುಕೊಂಡ. "ನೀನು ಹೋದ್ರೆ ಈ ಟಕಟಕ ಸದ್ದಿಲ್ದೆ ಮಧ್ಯಾಹ್ನ ಹಾಯಾಗಿ ನಿದ್ದೆ ಮಾಡ್ತೀನಿ. ಬೇಕಾದ್ರೆ ಇವತ್ತೇ ಸಾಮಾನು ಕಟ್ಟಿಕೊಡ್ತೀನಿ. ಈಗ ಒಂದು ಪ್ರಶ್ನೆಗೆ ಉತ್ತರ ಹೇಳು. ನಿನ್ನ ಹತ್ರ ಯಾರಾದ್ರೂ ಸೋಫಾ ದರ ಇಳಿಸು ಅಂತ ಪಟ್ಟು ಹಿಡಿದ್ರೆ ಏನ್ಮಾಡ್ತೀಯ?"

"ಇಳಿಸ್ತೀನಿ."

"ನಷ್ಟ ಮಾಡ್ಕೊಂಡಾ?"

"ನಷ್ಟ ಯಾಕಮ್ಮ? ನಾಲ್ಕು ಇಂಚು ಫೋಮ್ ಬದಲು ಮೂರು ಇಂಚು ಹಾಕ್ತೀನಿ. ಮುಚ್ಚಿಟ್ಟು ಮಾಡೋದಿಲ್ಲ, ಬಿಲ್ಲಲ್ಲೂ ಬರೀತೀನಿ. ಅವರು ಓದಲ್ಲ ಅಷ್ಟೇ. ದರ ಇಳೀತು ಅಂತ ಕುಣೀತಾ ಹೋಗ್ತಾರೆ."

ಹೇಳಿ ಮುಗಿಸಿದವನೇ ಬಾಯಿ ತೆರೆದುಕೊಂಡು ನಿಂತುಬಿಟ್ಟ. ಹೆಂಡತಿಗೆ ಅವನಿಗಿಂತ ಮೊದಲೇ ಗೊತ್ತಾಗಿ, ಸೆರಗಿನಲ್ಲಿ ಬಾಯಿ ಮುಚ್ಚಿಕೊಂಡು ನಗತೊಡಗಿದಳು.

"ಅಂದ್ರೆ... ಬ್ಯಾಂಕಿನವರು ನನಗೆ..."

"ಹೂಂ ಕಣಪ್ಪ. ಕಂತು ಇಳಿಸಿದ್ರು, ವರ್ಷ ಎಳೆದ್ರು. ಅವರೂ ಮುಚ್ಚಿಟ್ಟಿಲ್ಲ. ಕಾಗದದಲ್ಲಿ ಬರೆದಿದಾರೆ, ನೀನು ಓದಿಲ್ಲ."

"ಅಬ್ಬಬ್ಬಾ! ನನ್ನ ವಿದ್ಯೆ ನನಗೇ ತೋರಿಸಿದ್ರಲ್ಲ!" ಚೌಕಾಸಿ ಹಣೆ ಹಣೆ ಚಚ್ಚಿಕೊಂಡ. ಮೂವರೂ ಹೊಟ್ಟೆ ಹಿಡಿದುಕೊಂಡು ನಕ್ಕರು.

ನಗು ನಿಂತ ಮೇಲೆ ಓನರಮ್ಮ ಒಂದು ಚಿಂದಿ ಬಟ್ಟೆ, ಟೇಪು, ಸೀಮೆಸುಣ್ಣ ಕೇಳಿದರು. ಬಟ್ಟೆಯನ್ನು ನೆಲದ ಮೇಲೆ ಹಾಸಿ ಹದಿನಾರು ಇಂಚು ಅಳೆಯಲು ಹೇಳಿದರು.

"ಒಂದು ಇಂಚು ಅಂದ್ರೆ ಒಂದು ಸಾವಿರ. ಇದು ನಿನ್ನ ಮೊದಲನೇ ತಿಂಗಳ ಕಂತು. ಬಡ್ಡಿ ನೂರಕ್ಕೆ ವರ್ಷಕ್ಕೆ ಒಂಬತ್ತು. ಇಪ್ಪತ್ತು ಲಕ್ಷಕ್ಕೆ ಒಂದು ವರ್ಷಕ್ಕೆ ಎಷ್ಟಾಯ್ತು?"

"ಒಂದು ಲಕ್ಷ ಎಂಬತ್ತು ಸಾವಿರ," ಎಂದಳು ಹೆಂಡತಿ.

"ತಿಂಗಳಿಗೆ ಹದಿನೈದು ಸಾವಿರ. ಈಗ ಆ ಹದಿನಾರು ಇಂಚಲ್ಲಿ ಹದಿನೈದು ಇಂಚು ಕತ್ತರಿಸು. ಅದು ಬಡ್ಡಿಗೆ ಹೋಯ್ತು."

ಚೌಕಾಸಿ ಕತ್ತರಿಸಿದ. ಅವನ ಬೆರಳುಗಳ ನಡುವೆ ಒಂದು ಇಂಚಿನ ಪಟ್ಟಿ ಉಳಿಯಿತು. ಕುಶನ್ನಿಗೆ ಅಂಚು ಕಟ್ಟಲೂ ಸಾಲದ ಪಟ್ಟಿ.

"ಇಷ್ಟೇನಾ?" ಎಂದ ಮೆಲ್ಲಗೆ. "ನನ್ನ ಸಾಲ ತೀರೋದು ಇಷ್ಟೇನಾ?"

"ಮೊದಲ ತಿಂಗಳು ಇಷ್ಟೇ. ಆಮೇಲೆ ಸ್ವಲ್ಪ ಸ್ವಲ್ಪ ಜಾಸ್ತಿ ಆಗುತ್ತೆ, ಆದ್ರೆ ಬಹಳ ನಿಧಾನ. ಈಗ ಇನ್ನೊಂದು ತುಂಡು ತಗೋ. ಇಪ್ಪತ್ತು ವರ್ಷದ ಸಾಲ ಆದ್ರೆ ಕಂತು ಹದಿನೆಂಟು ಸಾವಿರ. ಬಡ್ಡಿ ಅದೇ ಹದಿನೈದು. ಎಷ್ಟು ಉಳೀತು?"

"ಮೂರು ಇಂಚು!"

"ಎರಡು ಇಂಚು ಜಾಸ್ತಿ ಕೊಟ್ಟಿದ್ದಕ್ಕೆ ಸಾಲ ತೀರೋದು ಮೂರು ಪಟ್ಟು ಆಯ್ತು. ಈಗ ಒಟ್ಟು ಲೆಕ್ಕ ಹಾಕು. ಮೊಬೈಲ್ ತೆಗಿ."

ಹೆಂಡತಿ ಮೊಬೈಲಿನಲ್ಲಿ ಒತ್ತಿದಳು. ಮೂವತ್ತು ವರ್ಷ ಕಟ್ಟಿದರೆ ಚಿಲ್ಲರೆ ಸೇರಿ ಸುಮಾರು ಐವತ್ತೆಂಟು ಲಕ್ಷ. ಇಪ್ಪತ್ತು ವರ್ಷವಾದರೆ ಸುಮಾರು ನಲವತ್ಮೂರು ಲಕ್ಷ. ಒಮ್ಮೆ ನಂಬಿಕೆಯಾಗದೆ ಎರಡನೇ ಸಲ ಒತ್ತಿದಳು. ಸಂಖ್ಯೆ ಬದಲಾಗಲಿಲ್ಲ.

"ಹದಿನೈದು ಲಕ್ಷ ವ್ಯತ್ಯಾಸ ಕಣ್ರೀ," ಎಂದಳು. ಆಮೇಲೆ ಮೊಬೈಲನ್ನು ಕೆಳಗಿಟ್ಟಳು. "ದುಡ್ಡು ಹಾಳಾಗಿ ಹೋಗ್ಲಿ. ನಿಮಗೀಗ ನಲವತ್ತು. ಎಪ್ಪತ್ತನೇ ವಯಸ್ಸಲ್ಲೂ ಬಾಯಲ್ಲಿ ಮೊಳೆ ಕಚ್ಕೊಂಡು, ಆ ಸೊಂಟ ಇಟ್ಕೊಂಡು, ನೆಲದ ಮೇಲೆ ಕೂತು ಸುತ್ತಿಗೆ ಹೊಡೀಬೇಕಾ? ಅಂಥ ಮನೆ ನನಗೆ ಬೇಡ."

ಚೌಕಾಸಿ ಕತ್ತರಿ ಕೆಳಗಿಟ್ಟ. ಕಂತು ಇಳಿಸುವಾಗ ಅವನಿಗೆ ತನ್ನ ಮುದಿತನ ನೆನಪಿಗೇ ಬಂದಿರಲಿಲ್ಲ. ಹೆಂಡತಿಯ ಕೈ ಹಿಡಿದುಕೊಂಡು, "ಬೇಡ ಕಣೇ, ಮೂವತ್ತು ಬೇಡ," ಎಂದ. ಮತ್ತೆ ಚಿಂತೆಗೆ ಬಿದ್ದ. "ಆದ್ರೆ ತಿಂಗಳಿಗೆ ಇನ್ನೂ ಎರಡು ಸಾವಿರ ಎಲ್ಲಿಂದ ತರೋದು? ನಮ್ಮ ಕೈಲಾಗೋದೇ ಹದಿನಾರು."

ಹೆಂಡತಿ ಬಗ್ಗಿ ಮಂಚದ ಕೆಳಗಿಂದ ಒಂದೊಂದೇ ಹೊರಗೆಳೆದಳು. ಕೊಡೆ, ಇನ್ನೊಂದು ಕೊಡೆ, ಮತ್ತೊಂದು ಕೊಡೆ, ಕೆಟಲ್‌ಗಳು, ಗಾಳ. "ಕಮ್ಮಿಗೆ ಸಿಕ್ತು ಅಂತ ನೀವು ಪ್ರತಿ ತಿಂಗಳು ತರೋದನ್ನ ನಿಲ್ಲಿಸಿ. ಎರಡು ಸಾವಿರ ತಾನಾಗೇ ಬರುತ್ತೆ."

ಓನರಮ್ಮ ಎಷ್ಟು ನಕ್ಕರೆಂದರೆ ಸೋಫಾದ ಸ್ಪ್ರಿಂಗು ಅವರ ಜೊತೆ ಕುಣಿಯಿತು. ಆಮೇಲೆ ಗಂಭೀರವಾಗಿ ಹೇಳಿದರು. "ಆದ್ರೆ ಕೈಮೀರಿ ಹೋಗ್ಬೇಡಿ. ಹದಿನೈದು ವರ್ಷಕ್ಕೆ ತಗೊಂಡ್ರೆ ಇಪ್ಪತ್ತು ಸಾವಿರ ದಾಟುತ್ತೆ, ನಿಮಗೆ ಭಾರ. ಮೂರ್ನಾಲ್ಕು ತಿಂಗಳ ಕಂತಿನ ದುಡ್ಡು ಬೇರೆ ಎತ್ತಿಡಿ, ಯಾರಿಗಾದ್ರೂ ಹುಷಾರಿಲ್ಲ ಅಂದ್ರೆ ಬೇಕಾಗುತ್ತೆ. ನೋಂದಣಿ, ತೆರಿಗೆ, ವಿಮೆ, ಮನೆ ರಿಪೇರಿ ಇವೆಲ್ಲ ಕಂತಿನ ಹೊರಗಿನ ಖರ್ಚು, ಮರೀಬೇಡಿ. ಮತ್ತೆ ನೀನು ಚೌಕಾಸಿ ಮಾಡ್ಲೇಬೇಕು ಕಣಪ್ಪ. ಆದ್ರೆ ಕಂತಿನ ಮೇಲಲ್ಲ, ಬಡ್ಡಿ ಮೇಲೆ ಮಾಡು!"

ಹಾಗೆ ಹೇಳಿದ್ದೇ ತಡ, ಚೌಕಾಸಿಯ ಕಣ್ಣಲ್ಲಿ ಹಳೆಯ ಮಿಂಚು ಬಂತು.

ಸಹಿಯ ದಿನ ಗಂಡ ಹೆಂಡತಿ ಇಬ್ಬರೂ ಹೋದರು. ದಾರಿಯಲ್ಲಿ ಎದುರಿನ ಬ್ಯಾಂಕಿಗೂ ಹೊಕ್ಕು ಅಲ್ಲಿನ ಬಡ್ಡಿ ದರ ಬರೆಸಿಕೊಂಡರು. ಆಫೀಸರು ಪೆನ್ನು ಮುಂದೆ ಚಾಚಿದರೆ ಚೌಕಾಸಿ ಮುಟ್ಟಲೇ ಇಲ್ಲ.

"ಸಾರ್, ಕಡೇವರೆಗೂ ಒಟ್ಟು ಎಷ್ಟು ಕಟ್ತೀನಿ, ಅದನ್ನ ಮೊದಲು ಹೇಳಿ. ಬಡ್ಡಿ ಏರಿದ್ರೆ ನನ್ನ ಕಂತು ಏರುತ್ತಾ, ವರ್ಷ ಏರುತ್ತಾ? ಕೈಯಲ್ಲಿ ದುಡ್ಡಿದ್ದಾಗ ಮುಂಚಿತವಾಗಿ ಕಟ್ಟಿದ್ರೆ ದಂಡ ಇದೆಯಾ?"

ಆಫೀಸರು ಕುರ್ಚಿಯಲ್ಲಿ ನೆಟ್ಟಗೆ ಕೂತರು. "ಮೊನ್ನೆ ಇದೇನೂ ಕೇಳ್ಲಿಲ್ಲವಲ್ಲ ನೀವು?"

"ಮೊನ್ನೆ ಬಂದಿದ್ದು ಗಿರಾಕಿ ಸಾರ್. ಇವತ್ತು ಬಂದಿರೋದು ಅಂಗಡಿಯವನು."

ಅಂದು ನಡೆದ ಚೌಕಾಸಿಯನ್ನು ನೋಡಲು ಪಕ್ಕದ ಮೇಜಿನವರೂ ಕೆಲಸ ಬಿಟ್ಟು ತಿರುಗಿ ಕೂತರಂತೆ. ಎರಡು ಸಲ ಎದ್ದು ಬಾಗಿಲ ತನಕ ಹೋದದ್ದಾಯಿತು, ಎದುರಿನ ಬ್ಯಾಂಕಿನ ಚೀಟಿ ತೋರಿಸಿದ್ದಾಯಿತು. ಕೊನೆಗೆ ಬಡ್ಡಿ ಒಂಬತ್ತರಿಂದ ಎಂಟೂ ಮುಕ್ಕಾಲಿಗೆ ಇಳಿಯಿತು. ಆ ಕಾಲು ಪರ್ಸೆಂಟಿನಿಂದ ಇಪ್ಪತ್ತು ವರ್ಷದಲ್ಲಿ ಉಳಿಯುವುದು ಎಪ್ಪತ್ತೈದು ಸಾವಿರಕ್ಕೂ ಹೆಚ್ಚು. ಮುಂಚಿತವಾಗಿ ಕಟ್ಟಿದರೆ ದಂಡವಿಲ್ಲ ಎಂಬುದನ್ನೂ ಕಾಗದದ ಮೇಲೆ ಬರೆಸಿಕೊಂಡು, ಹೆಂಡತಿ ಪ್ರತಿ ಪುಟವನ್ನೂ ಓದಿದ ಮೇಲೆಯೇ ಇಬ್ಬರೂ ಸಹಿ ಹಾಕಿದರು.

ಮನೆ ಬಂತು. ಅಂಗಳದಲ್ಲಿ ಒಮ್ಮೆಗೇ ನಾಲ್ಕು ಸೋಫಾ ಹಿಡಿಸುತ್ತಿದ್ದವು, ಆದ್ದರಿಂದ ಕೆಲಸವೂ ಹೆಚ್ಚಿತು. ಮೊದಲ ವರ್ಷ ಮುಗಿಯುವ ಹೊತ್ತಿಗೆ ಒಂದು ಹೋಟೆಲಿನವರು ತಮ್ಮ ಕುರ್ಚಿಗಳಿಗೆಲ್ಲ ಹೊಸ ಕವರು ಹಾಕಿಸಿದರು. ಖರ್ಚು ಕಳೆದು ಐವತ್ತು ಸಾವಿರ ಉಳಿಯಿತು. ಇಬ್ಬರೂ ಅದನ್ನು ನೇರವಾಗಿ ಬ್ಯಾಂಕಿಗೆ ತಂದು, "ಕಂತು ಹಾಗೇ ಇರ್ಲಿ ಸಾರ್, ಇದನ್ನ ಅಸಲಿಗೆ ಹಾಕಿ, ವರ್ಷ ಇಳಿಸಿ," ಎಂದರು.

ಆಫೀಸರು ಕಂಪ್ಯೂಟರ್ ನೋಡಿ ನಕ್ಕರು. "ನಿಮ್ಮ ಸಾಲ ಒಂದು ವರ್ಷಕ್ಕಿಂತ ಹೆಚ್ಚು ಮುಂಚೆ ಮುಗಿಯುತ್ತೆ."

"ಏನಂದ್ರಿ?" ಚೌಕಾಸಿ ಮೇಜಿನ ಮೇಲೆ ಬಗ್ಗಿದ. "ನಾನು ಕೊಟ್ಟಿದ್ದು ಮೂರು ಕಂತಿನಷ್ಟೂ ಇಲ್ಲ. ಹೋಗಿದ್ದು ಒಂದು ವರ್ಷದ ಕಂತಾ?"

"ಮೊದಲ ವರ್ಷಗಳಲ್ಲಿ ಕಟ್ಟಿದ್ರೆ ಹಾಗೇ. ಮುಂದೆ ಬರೋ ಬಡ್ಡಿ ಎಲ್ಲ ತಪ್ಪುತ್ತೆ."

ಚೌಕಾಸಿ ಬ್ಯಾಂಕೆಂಬುದನ್ನೂ ಮರೆತು ಹೆಂಡತಿಯ ಎರಡೂ ಕೈ ಹಿಡಿದು ಒಂದು ಸುತ್ತು ತಿರುಗಿದ. "ಮೂರು ತಿಂಗಳ ದುಡ್ಡಿಗೆ ಒಂದು ವರ್ಷ ಕಣೇ! ಇಷ್ಟು ಕಮ್ಮಿಗೆ ನಾನು ಹುಟ್ಟಿದಾಗಿನಿಂದ ಏನೂ ಕೊಂಡಿರ್ಲಿಲ್ಲ!"

"ಬಿಡ್ರೀ, ಎಲ್ಲ ನೋಡ್ತಿದಾರೆ," ಎಂದಳು ಅವಳು. ಆದರೆ ಅವಳೂ ಕೈ ಬಿಡಲಿಲ್ಲ.

ಅಕ್ಕಂದಿರೇ, ಅಣ್ಣಂದಿರೇ, ಮನೆ ಕೊಳ್ಳಿ, ಸಂತೋಷದಿಂದ ಕೊಳ್ಳಿ, ಸಾಲಕ್ಕೆ ಹೆದರಬೇಡಿ. ಈ ಕಥೆಯ ಅಂಕಿಗಳು ಲೆಕ್ಕ ತಿಳಿಯಲೆಂದು ಕೊಟ್ಟವು. ನಿಮ್ಮ ಬಡ್ಡಿ ಬೇರೆ ಇರುತ್ತದೆ, ನಿಮ್ಮ ವರ್ಷ ಬೇರೆ ಇರುತ್ತದೆ. ಆದರೆ ಕೇಳಬೇಕಾದ ಮಾತು ಎಲ್ಲರಿಗೂ ಒಂದೇ. "ತಿಂಗಳಿಗೆ ಎಷ್ಟು?" ಎಂದಷ್ಟೇ ಕೇಳಿ ಸುಮ್ಮನಾಗಬೇಡಿ, "ಕಡೇವರೆಗೆ ಒಟ್ಟು ಎಷ್ಟು?" ಎಂದು ಕೇಳಿ. ಉತ್ತರ ಬರುವ ತನಕ ಪೆನ್ನು ಮುಟ್ಟಬೇಡಿ. ಗಂಡ ಹೆಂಡತಿ ಜೊತೆಗೆ ಕೂತು ಲೆಕ್ಕ ಹಾಕಿ, ಎರಡು ಬ್ಯಾಂಕಿನಲ್ಲಾದರೂ ವಿಚಾರಿಸಿ, ಕೈಗೆ ನಾಲ್ಕು ಕಾಸು ಬಂದಾಗ ಅಸಲಿಗೆ ಕಟ್ಟಿ. ನೀವು ಕಟ್ಟುತ್ತಿರುವುದು ಬರೀ ದುಡ್ಡಲ್ಲ, ನಿಮ್ಮ ಆಯಸ್ಸಿನ ವರ್ಷಗಳು. ಅವುಗಳಿಗೆ ಚೆನ್ನಾಗಿ ಚೌಕಾಸಿ ಮಾಡಿ.