ಹಸಿರು ಅಂಗಿಯವನು

"ಹಸಿರು, ನಗಪ್ಪಾ! ರಜಾ ಹಾಡು ಇದು, ಸಾವಿನ ಮನೆ ಅಲ್ಲ!" ಎಂದು ಮ್ಯಾನೇಜರ್ ವೇದಿಕೆಯ ಕೆಳಗಿನಿಂದ ಕೂಗಿದ.

ಹಸಿರು ಅಂಗಿಯವನು ಹಲ್ಲು ಬಿಟ್ಟ. ಮಾಲಿನ ನೆಲಮಹಡಿಯಲ್ಲಿ, ಚಪ್ಪಲಿ ಅಂಗಡಿಗೂ ಐಸ್‌ಕ್ರೀಂ ಕೌಂಟರಿಗೂ ನಡುವೆ ಜೋಡಿಸಿದ ಹಲಗೆಗಳ ಮೇಲೆ ಬೆಳಗಿನಿಂದ ಕುಣಿದು ಅವನ ಮೊಣಕಾಲು ಮಾತು ಕೇಳುವುದನ್ನೇ ಬಿಟ್ಟಿತ್ತು. ಹಾಡುವ ಕೆಲಸವೇನೂ ಇರಲಿಲ್ಲ. ಹಾಡು ಪೆನ್‌ಡ್ರೈವಿನಲ್ಲಿತ್ತು, ತುಟಿ ಆಡಿಸುತ್ತ ಕುಣಿದರೆ ಸಾಕು. ಕಂಪನಿ ಪ್ರತಿ ಬೇಸಿಗೆ ರಜೆಗೊಂದು ಹಾಡು ಮಾಡಿ, ಅದನ್ನು ಊರೂರು ಮೆರೆಸಲು ನಾಲ್ಕು ಬಣ್ಣದ ಅಂಗಿಗಳಿಗೆ ನಾಲ್ಕು ಮಂದಿಯನ್ನು ಹುಡುಕುತ್ತಿತ್ತು. ರಜೆ ಮುಗಿಯಿತೋ, ತಂಡವೂ ಮುಗಿಯಿತು. ಒಮ್ಮೆ ಅಂಗಿ ತೊಟ್ಟವರಿಗೆ ಮತ್ತೆ ಕರೆ ಇಲ್ಲ. ಜನಕ್ಕೆ ಹೊಸ ಮುಖ ಬೇಕಂತೆ.

ಇವನೋ, ಕೆಲವು ವರ್ಷಗಳ ಹಿಂದೆ ನೀಲಿ ಅಂಗಿಯಲ್ಲಿ ಕುಣಿದವನೇ. ಮೀಸೆ ಬೋಳಿಸಿ, ಕೂದಲಿಗೆ ಬಣ್ಣ ಹಚ್ಚಿ, ವಯಸ್ಸನ್ನೂ ಒಂದಿಷ್ಟು ನುಂಗಿ ಮತ್ತೆ ಒಳಗೆ ತೂರಿಕೊಂಡಿದ್ದ. ಗೊತ್ತಾದರೆ ಅವತ್ತೇ ಗೇಟ್‌ಪಾಸ್. ಆದರೆ ಈ ಸಲ ರಜೆಯ ಕೊನೆಗೆ ಒಬ್ಬರನ್ನು ಕುಣಿತ ಕಲಿಸಲು ಕಾಯಂ ಇಟ್ಟುಕೊಳ್ಳುತ್ತಾರೆಂಬ ಸುದ್ದಿಯಿತ್ತು. ಹೆಂಡತಿ ಬೆಳಿಗ್ಗೆ ಅವನ ಮೊಣಕಾಲಿಗೆ ಎಣ್ಣೆ ತಿಕ್ಕುತ್ತ, "ಇದಾದ್ರೆ ಆಯ್ತು. ಇಲ್ದಿದ್ರೆ ಕುಣಿದಿದ್ದು ಸಾಕು ಅಂದ್ಬಿಡಿ, ನನಗಂತೂ ನೋಡೋಕಾಗಲ್ಲ" ಎಂದಿದ್ದಳು.

ಸಂಜೆಯ ಕೊನೆಯ ಸುತ್ತಿಗೆ ಸೌಂಡಿನವನು ತೂಕಡಿಸುತ್ತಲೇ ಯಾವುದೋ ಗುಂಡಿ ಒತ್ತಿದ. ಹೊರಟಿದ್ದು ಈ ವರ್ಷದ ಹಾಡಲ್ಲ, ಇವನ ನೀಲಿ ಅಂಗಿಯ ಕಾಲದ ಹಾಡು! ಉಳಿದ ಮೂವರು ಕಕ್ಕಾಬಿಕ್ಕಿಯಾಗಿ ನಿಂತರು. ಇವನೂ ನಿಲ್ಲಬೇಕಿತ್ತು. ಬುದ್ಧಿ ಎಚ್ಚೆತ್ತುಕೊಳ್ಳುವಷ್ಟರಲ್ಲಿ ಕಾಲು ಹೊರಟೇಬಿಟ್ಟಿತ್ತು. ಎಡಕ್ಕೆ ಹೆಜ್ಜೆ, ಒಂದು ಸುತ್ತು, ಟೋಪಿ ಎಸೆಯುವ ಕೈ. ತಲೆಯ ಮೇಲೆ ಟೋಪಿಯೇ ಇರಲಿಲ್ಲ. ಕೊನೆಯವರೆಗೂ ಒಬ್ಬನೇ ಕುಣಿದ. ಮಕ್ಕಳು ಚಪ್ಪಾಳೆ ತಟ್ಟಿದವು. ಕೆಟ್ಟೆ ಎಂದುಕೊಂಡು ಕೆಳಗಿಳಿದ.

"ಏನಯ್ಯಾ, ಆ ಹಳೇ ಹಾಡಿನ ಹೆಜ್ಜೆ ನಿನಗೆ ಹೇಗೆ ಗೊತ್ತು?" ಮ್ಯಾನೇಜರ್ ಎದುರಿಗೇ ಬಂದು ನಿಂತ.

ನೀಲಿ ಅಂಗಿಯ ಆ ರಜೆಯ ಕೊನೆಯ ದಿನ ಇವನನ್ನು ತಬ್ಬಿಕೊಂಡು, "ನಿನ್ನ ಮುಖ ಸಾಯೋ ತನಕ ಮರೆಯಲ್ಲ" ಎಂದಿದ್ದವನು ಇದೇ ಮ್ಯಾನೇಜರ್. ಆ ಮುಖವನ್ನೇ ಈಗ ಕೈಯಳತೆಯಲ್ಲಿ ನೋಡುತ್ತಿದ್ದ.

"ಟೀವೀಲಿ ತುಂಬಾ ಸಲ ನೋಡಿದ್ದೆ, ಸಾರ್."

"ಭೇಷ್! ಆ ತಂಡದಲ್ಲಿ ನೀಲಿ ಅಂಗಿಯವನು ಒಬ್ಬ ಇದ್ದ, ಮೀಸೆಯವನು. ಮರದ ಕೊರಡು! ಹಾಡು ತೋಪೆದ್ದಿದ್ದೇ ಅವನಿಂದ. ನೀನು ಅವನಿಗಿಂತ ಸಾವಿರ ಪಾಲು ವಾಸಿ. ಕಲಿಸೋ ಕೆಲಸ ನಿನಗೇ ಅಂತ ಇಟ್ಕೋ. ಅವನನ್ನ ನೋಡಿದ್ದೀಯಲ್ಲ, ನೀನೇ ಹೇಳು?"



"ಹೌದು ಸಾರ್. ಅವನಿಗೆ ಕುಣಿಯೋಕೇ ಬರ್ತಿರಲಿಲ್ಲ."

ಸತ್ತವನೊಬ್ಬನನ್ನು ಬೈದಷ್ಟು ನಾಚಿಕೆಯಾಯಿತು. ಮ್ಯಾನೇಜರ್ ಗಹಗಹಿಸಿ, ಬೆನ್ನು ತಟ್ಟಿ ಹೋದ. ಕೂಲಿಯವರು ಆಗಲೇ ವೇದಿಕೆ ಕಳಚಲು ಶುರುಮಾಡಿದ್ದರು. ಅವರಲ್ಲೊಬ್ಬ ಒಂದು ಹಲಗೆಯನ್ನು ಒಬ್ಬನೇ ಎತ್ತಲಾರದೆ ಒದ್ದಾಡುತ್ತಿದ್ದ. ಇವನು ಹೋಗಿ ಇನ್ನೊಂದು ತುದಿ ಹಿಡಿದ.