ಮೇಣದಲ್ಲಿ ಕೂರಿಸಿದ ಹಲ್ಲು

ಅಮ್ಮ ಮಾತು ಬಿಟ್ಟ ಮೇಲೆ ಮನೆಯಲ್ಲಿ ಯಾವ ಬಾಗಿಲು ಕಿರುಗುಟ್ಟುತ್ತದೆ, ಯಾವ ನಲ್ಲಿ ತೊಟ್ಟಿಕ್ಕುತ್ತದೆ ಎಂಬುದೆಲ್ಲ ತಿಳಿಯತೊಡಗಿತು. ಅಷ್ಟು ವರ್ಷ ಅವೂ ಸದ್ದು ಮಾಡುತ್ತಲೇ ಇದ್ದಿರಬೇಕು. ಅಮ್ಮನ ಮಾತಿನ ನಡುವೆ ಅವುಗಳ ಗೊಡವೆ ಯಾರಿಗೂ ಇರಲಿಲ್ಲ.

ಅಮ್ಮ ಜೀವಶಾಸ್ತ್ರದ ಟೀಚರಾಗಿ ನಿವೃತ್ತಳಾದವಳು. ಶಾಲೆಯ ಮಕ್ಕಳು ಬೆನ್ನ ಹಿಂದೆ ‘ಕಪ್ಪೆ ಮಿಸ್’ ಎನ್ನುತ್ತಿದ್ದರು. ಗೊತ್ತಿದ್ದೂ ಗೊತ್ತಿಲ್ಲದವಳ ಹಾಗೆ ಇರುತ್ತಿದ್ದಳು. ಯಾರು ಏನು ಕೇಳಿದರೂ ಉತ್ತರ ಕೊಡದೆ ಬಿಟ್ಟವಳಲ್ಲ. ಒಲೆಯ ಮೇಲೆ ಹಾಲು ಉಕ್ಕುತ್ತಿದ್ದರೂ ಅವಳಿಗೆ ಮೊದಲು ಉತ್ತರ, ಆಮೇಲೆ ಹಾಲು. ಒಸಡಿನ ರೋಗಕ್ಕೆ ಅವಳ ಹಲ್ಲುಗಳು ಒಂದೊಂದಾಗಿ ಹೋಗಿ, ಉಳಿದ ನಾಲ್ಕಾರನ್ನು ಹಲ್ಲಿನ ಡಾಕ್ಟರಮ್ಮ ಕಿತ್ತ ಮೇಲೆ ಎಡಗೈ ಬಾಯಿಗೆ ಅಂಟಿಕೊಂಡಿತು. ಕರೆದರೆ ತಲೆಯಾಡಿಸುವಳು, ಬೇಕಾದ್ದನ್ನು ಬೆರಳು ಮಾಡಿ ತೋರಿಸುವಳು. ಒಸಡು ಮಾಯುವ ತನಕ ಹೀಗೆ ಎಂದು ಮಗಳು ಕಾದಳು. ಒಸಡು ಮಾಯಿತು. ಕೈ ಮಾತ್ರ ಬಾಯಿ ಬಿಟ್ಟು ಇಳಿಯಲಿಲ್ಲ.

ಒಂದು ಬೆಳಿಗ್ಗೆ ಮೊಮ್ಮಗಳು ಆಗ ತಾನೇ ಬಿದ್ದ ಹಾಲುಹಲ್ಲನ್ನು ಅಂಗೈಯಲ್ಲಿಟ್ಟುಕೊಂಡು ಅಜ್ಜಿಯ ಎದುರು ಬಂದು ನಿಂತಳು. ಅಳಿಲಿನ ಹಾಗೆ ಒಂದು ಕಡೆ ಕೂತವಳಲ್ಲವೆಂದು ಅವಳನ್ನು ಮನೆಯಲ್ಲಿ ಎಲ್ಲರೂ ಇಣಚಿ ಎನ್ನುತ್ತಿದ್ದರು.

“ಅಜ್ಜೀ, ನಂದು ಬಿದ್ರೆ ಮತ್ತೆ ಬರುತ್ತೆ. ನಿಂದು ಯಾಕೆ ಬರಲ್ಲ?”

ಅಮ್ಮನ ಕಣ್ಣು ಮಿಂಚಿದ್ದನ್ನು ಮಗಳು ಅಡುಗೆಮನೆಯ ಬಾಗಿಲಿನಿಂದ ಕಂಡಳು. ಉತ್ತರ ಗಂಟಲ ತನಕ ಬಂದಿತ್ತು. ತುಟಿ ಬಿಚ್ಚಿತು. ಅಷ್ಟರಲ್ಲಿ ಕೈ ಮೇಲೆದ್ದಿತು. ಅಮ್ಮ ಇನ್ನೊಂದು ಕೈಯಲ್ಲಿ ಮಗುವಿನ ತಲೆ ಸವರಿ ಒಳಗೆ ಹೋಗಿಬಿಟ್ಟಳು.

“ಅಜ್ಜಿಗೆ ಗೊತ್ತಿಲ್ವಾ?” ಎಂದಳು ಇಣಚಿ.

ಅಮ್ಮನ ಬಗ್ಗೆ ಈ ಮಾತನ್ನು ಯಾರೂ ಆಡಿದ್ದಿಲ್ಲ. ಮಗಳಿಗೆ ಅದು ಮುಳ್ಳು ಚುಚ್ಚಿದ ಹಾಗಾಯಿತು. ಹಲ್ಲು ಬಂದರೆ ಮಾತು ಬರುತ್ತದೆ, ಆ ಹಲ್ಲನ್ನು ತಾನೇ ಕಟ್ಟಿಕೊಡುತ್ತೇನೆ ಎಂದುಕೊಂಡಳು.

ಅವಳ ಕಸುಬೇ ಅದು. ಡಾಕ್ಟರಮ್ಮನ ಕ್ಲಿನಿಕ್ಕಿನ ಹಿಂಬದಿಯ ಕೋಣೆಯಲ್ಲಿ, ಉತ್ತರದ ಕಿಟಕಿಗೆ ಮುಖ ಮಾಡಿದ ಮೇಜಿನ ಮುಂದೆ ಕೂತು ಊರಿನವರ ಹಲ್ಲು ಕಟ್ಟುತ್ತಿದ್ದಳು. ಮೇಜಿನ ಮೇಲೆ ಪ್ಲಾಸ್ಟರಿನ ದವಡೆಗಳು, ಸ್ಪಿರಿಟ್ ದೀಪ, ಗುಲಾಬಿ ಮೇಣದ ಹಾಳೆಗಳು, ಬಾಯಿಯ ಹಾಗೆ ತೆರೆದು ಮುಚ್ಚುವ ಹಿತ್ತಾಳೆಯ ಚೌಕಟ್ಟು. ಡಾಕ್ಟರಮ್ಮ ಬಾಯಿಯ ಅಚ್ಚು ತೆಗೆದು, ಮೇಣದ ದಿಂಡು ಕಚ್ಚಿಸಿ, ದವಡೆಗಳ ನಡುವೆ ಎಷ್ಟು ಎತ್ತರ ಬೇಕು, ಮುಖದ ನಡುಗೆರೆ ಎಲ್ಲಿ ಎಂದು ಅದರ ಮೇಲೆ ಗೀಚಿ ಕಳಿಸುತ್ತಿದ್ದಳು. ಆ ಗೆರೆ ದಾಟುವ ಹಾಗಿಲ್ಲ. ಮೊದಲು ಹಲ್ಲುಗಳನ್ನು ಮೇಣದಲ್ಲಿ ಕೂರಿಸಿ ಬಾಯಿಗಿಟ್ಟು ನೋಡಬೇಕು. ಸರಿ ಕಂಡರೆ ಮಾತ್ರ ಮೇಣದ ಜಾಗಕ್ಕೆ ಅಕ್ರಿಲಿಕ್ ತುಂಬಿ ಬೇಯಿಸಿ ಗಟ್ಟಿ ಮಾಡುವುದು. ಮದುವೆಯ ಫೋಟೋ ತಂದು “ಹೀಗೇ ಮಾಡಿಕೊಡಿ” ಎನ್ನುವ ಗಿರಾಕಿಗಳು ಆಗಾಗ ಬರುತ್ತಿದ್ದರು. “ಫೋಟೋಗೆ ಹಲ್ಲು ಬೇಕಾದ್ರೆ ಫೋಟೋನ ಬಿಟ್ಟು ಹೋಗಿ, ನಿಮಗೆ ಬೇಕಾದ್ರೆ ನೀವು ಕೂತ್ಕೊಳ್ಳಿ” ಎಂದು ಅವಳೇ ನಗಿಸಿ ಕಳಿಸುತ್ತಿದ್ದಳು.

ಅಮ್ಮನ ಸರದಿ ಬಂದಾಗ ಆ ಮಾತೆಲ್ಲ ಗಾಳಿಗೆ ಹೋಯಿತು. ಮೇಜಿನ ಮೇಲೆ ಒಂದು ಹಳೆಯ ಫೋಟೋ ನಿಲ್ಲಿಸಿಕೊಂಡಳು. ಪ್ರಯೋಗಾಲಯದ ಬಾಗಿಲಲ್ಲಿ ತಲೆ ಹಿಂದಕ್ಕೆ ವಾಲಿಸಿ ನಗುತ್ತಿರುವ ಅಮ್ಮ, ವಯಸ್ಸು ಮೂವತ್ತೈದರ ಆಸುಪಾಸು. ಆ ನಗುವಿನ ಅಗಲ ಅಳೆದು ದೊಡ್ಡ ಹಲ್ಲುಗಳನ್ನು ಆರಿಸಿದಳು, ಬಣ್ಣದಲ್ಲಿ ಎಲ್ಲಕ್ಕಿಂತ ಬಿಳಿಯದನ್ನು. ಡಾಕ್ಟರಮ್ಮನ ಗೆರೆಯನ್ನು ನೋಡಿದಳು, ಫೋಟೋ ನೋಡಿದಳು, ಗೆರೆಯನ್ನು ಬಿಟ್ಟು ಮೇಣವನ್ನು ಎತ್ತರಿಸಿದಳು. ಹಲ್ಲು ಹೋದ ಮೇಲೆ ದವಡೆಯ ಮೂಳೆ ಸವೆದು ತಗ್ಗುತ್ತದೆ, ಮುಖ ಗಿಡ್ಡವಾಗುತ್ತದೆ. ಇದು ಅವಳಿಗೆ ಗೊತ್ತಿಲ್ಲದ್ದಲ್ಲ. ಗೊತ್ತಿರುವುದು ಕೈಗೆ ಬರಲಿಲ್ಲ, ಅಷ್ಟೇ.

ಹಲ್ಲಿಟ್ಟು ನೋಡುವ ದಿನ ಶಾಲೆಗೆ ರಜೆ. ಇಣಚಿಯೂ ಬಂದಿದ್ದಳು. ಡಾಕ್ಟರಮ್ಮ ಅಮ್ಮನ ಹಳೆಯ ವಿದ್ಯಾರ್ಥಿನಿ. ಹಲ್ಲಿನ ಸೆಟ್ಟನ್ನು ಬಾಯೊಳಗೆ ಕೂರಿಸಿ, “ಮಿಸ್, ಸಾಸಿವೆ ಅನ್ನಿ” ಎಂದಳು. ಅವಳ ಕ್ಲಿನಿಕ್ಕಿನಲ್ಲಿ ಹಲ್ಲು ಕಟ್ಟಿಸಿಕೊಂಡ ಪ್ರತಿಯೊಬ್ಬರೂ ಸಾಸಿವೆ ಎನ್ನಲೇಬೇಕು. ನಾಲಿಗೆಗೆ ಜಾಗವಿದೆಯೋ ಇಲ್ಲವೋ ಆ ಒಂದು ಮಾತು ಹೇಳಿಬಿಡುತ್ತದೆ.

ಅಮ್ಮ ಪ್ರಯತ್ನಿಸಿದಳು. ತುಟಿ ಕೂಡಲಿಲ್ಲ. ಹಲ್ಲಿಗೆ ಹಲ್ಲು ಕಟಕಟ ತಾಗಿತು, ನಡುವೆ ಸಿಳ್ಳೆಯಂಥ ಗಾಳಿ ಹೊರಟಿತು. ಮುಖ ಯಾರೋ ಎರಡೂ ಕಡೆಯಿಂದ ಹಿಡಿದು ಎಳೆದ ಹಾಗಿತ್ತು.

ಇಣಚಿ ಮೆಲ್ಲಗೆ, “ಅಜ್ಜಿ ಬಾಯಲ್ಲಿ ಬೇರೆ ಯಾರೋ ಇದಾರೆ” ಎಂದಳು.

ಡಾಕ್ಟರಮ್ಮ ಕೆಮ್ಮಿನಲ್ಲಿ ನಗು ಮುಚ್ಚಿಕೊಂಡಳು. ಮಗಳು ತಲೆ ತಗ್ಗಿಸಿದಳು. ಅಮ್ಮ ಹಲ್ಲನ್ನು ಹೊರಗೆ ತೆಗೆದು ಅಂಗೈಯಲ್ಲಿಟ್ಟು ತಿರುಗಿಸಿ ತಿರುಗಿಸಿ ನೋಡಿದಳು. ಆಮೇಲೆ ಅವಳ ಭುಜ ಕುಲುಕತೊಡಗಿತು. ಅಳುತ್ತಿದ್ದಾಳೆಂದು ಮಗಳು ಹತ್ತಿರ ಹೋದರೆ, ನಗು.

“ಇವಳು ನಂಗೆ ಗೊತ್ತಿರೋಳೇ” ಎಂದಳು ಅಮ್ಮ. ಮಾತಿಗೆ ಅಂಚಿರಲಿಲ್ಲ, ಹಿಸುಕಿದ ಹಾಗೆ ಬಂತು, ಆದರೆ ದನಿ ಅವಳದೇ. “ಹಳೇ ಫೋಟೋದೋಳು ಅಲ್ವೇನೇ?”

“ಹೂಂ.”

“ಗಿರಾಕಿಗಳಿಗೆ ಉಪದೇಶ ಮಾಡೋದು ನೀವೇ ಅಲ್ವಾ?” ಎಂದು ಡಾಕ್ಟರಮ್ಮ ಮಗಳ ಕಾಲೆಳೆದಳು. “ನಾನು ಹಾಕಿದ ಗೆರೆ ಎಲ್ಲಿ ಹೋಯ್ತು?”

“ಅಳಿಸಿಬಿಟ್ಟೆ.”

“ಇನ್ನೂ ಮೇಣದಲ್ಲೇ ಇದೆಯಲ್ಲ, ಬಿಡಿ. ಹೊಸ ದಿಂಡು ಕಚ್ಚಿಸಿ ಕೊಡ್ತೀನಿ, ಕಟ್ಟಿ ತನ್ನಿ.”

ಹೊಸ ದಿಂಡು ಕಚ್ಚಿದ ಮೇಲೂ ಅಮ್ಮ ಮನೆಗೆ ಹೋಗಲೊಪ್ಪದೆ ಹಿಂದಿನ ಕೋಣೆಯ ಸ್ಟೂಲಿನ ಮೇಲೆ ಕೂತಳು. ಇಣಚಿ ಅವಳ ಮಂಡಿಗೆ ಆತುಕೊಂಡಳು. ಮಗಳು ದೀಪ ಹಚ್ಚಿ, ಚಾಕು ಕಾಯಿಸಿ, ಆ ಬಿಳಿ ಹಲ್ಲುಗಳನ್ನು ಮೇಣದಿಂದ ಒಂದೊಂದಾಗಿ ಎಬ್ಬಿಸತೊಡಗಿದಳು.

“ನೀನು ಅವತ್ತು ಕೇಳಿದ್ದೆಯಲ್ಲ, ನಂದು ಯಾಕೆ ಮತ್ತೆ ಬರಲ್ಲ ಅಂತ” ಎಂದು ಅಮ್ಮ ಶುರು ಮಾಡಿದಳು. “ಮುದಿ ಇಲೀನ ಎಂದಾದ್ರೂ ನೋಡಿದೀಯಾ?”

“ಇಲ್ಲ.”

“ಬಯಲಲ್ಲಿರೋ ಇಲಿಗೆ ಮುದಿಯಾಗೋಕೆ ಪುರುಸೊತ್ತೇ ಇಲ್ಲ. ಗೂಬೆ ಇದೆ, ಹಾವಿದೆ, ಚಳಿ ಇದೆ. ಈಗ ಒಂದು ಇಲಿಗೆ ಎಳೇ ವಯಸ್ಸಲ್ಲೇ ಕಣ್ಣು ಮಂಜಾಗೋ ದೋಷ ಇದೆ ಅಂದ್ಕೋ. ಏನಾಗುತ್ತೆ?”

“ಗೂಬೆ ತಿಂದ್ಬಿಡುತ್ತೆ.”

“ಮರಿ ಹಾಕೋ ಮೊದಲೇ. ದೋಷ ಅಲ್ಲಿಗೇ ಮುಗೀತು. ಇನ್ನೊಂದು ಇಲಿಗೆ ಮರಿ ಎಲ್ಲಾ ದೊಡ್ಡವಾದ ಮೇಲೆ ಕಣ್ಣು ಮಂಜಾಗುತ್ತೆ. ಮರಿಗಳು ಆಗ್ಲೇ ಅದೇ ದೋಷ ಮೈಯಲ್ಲಿಟ್ಕೊಂಡು ಓಡಾಡ್ತಿರುತ್ತವೆ. ಅಕ್ಕಿ ಜರಡಿ ಹಿಡಿಯೋರು ಎದ್ದು ಹೋದ ಮೇಲೆ ಕಲ್ಲು ಬಂದ್ರೆ ಯಾರು ನೋಡ್ತಾರೆ? ಹಾಗೇ ತಲೆತಲಾಂತರದಿಂದ ಕೂಡಿಕೊಂಡು ಬಂದ ಕಲ್ಲುಗಳು ನಮ್ಮ ಮೈಯಲ್ಲಿ. ವಯಸ್ಸಾದ ಮೇಲೆ ಒಂದೊಂದೇ ಸಿಗುತ್ತವೆ.”

“ನಿನ್ನ ಹಲ್ಲು?”

“ಎರಡು ಸಲ ಬಂದಿದ್ದು ಮಕ್ಕಳನ್ನ ಸಾಕಿ ಬೆಳೆಸೋ ತನಕ ಸಾಕಾಯ್ತು. ಮೂರನೇ ಸಲ ಬೇಕಾಗೋಷ್ಟು ಕಾಲ ಇದ್ದೋರು ಹಿಂದೆ ಕಮ್ಮಿ. ತಿಂದ ಊಟ ಒಂದೇ. ಅದರಲ್ಲೇ ಮರಿಗೂ ಆಗ್ಬೇಕು, ಮೈ ರಿಪೇರಿಗೂ ಆಗ್ಬೇಕು. ಮರಿಗೆ ಕೈಬಿಚ್ಚಿ, ರಿಪೇರಿಗೆ ಮಿತವಾಗಿ ಖರ್ಚು ಮಾಡಿದ ಪ್ರಾಣಿಗಳ ಸಂತಾನವೇ ಹೆಚ್ಚಾಯ್ತು. ನಾವು ಅವುಗಳ ಮೊಮ್ಮಕ್ಕಳು.”

ಮಗಳು ಚಾಕುವನ್ನು ಜ್ವಾಲೆಯಿಂದ ಹಿಂತೆಗೆದಳು. “ಹೊಸಬರಿಗೆ ಜಾಗ ಬಿಡ್ಲಿ ಅಂತ ಮುಪ್ಪು ಬರೋದು ಅಲ್ವೇನಮ್ಮ?”

“ಮತ್ತೆ ಸೊನ್ನೆ. ಒಂಬತ್ತನೇ ಕ್ಲಾಸಲ್ಲೂ ಇದನ್ನೇ ಬರೆದೆ.”

“ಸ್ವಂತ ಮಗಳು ಅಂತಾನೂ ನೋಡ್ಲಿಲ್ಲ ನೀನು.”

“ನೋಡಿದ್ದಕ್ಕೇ ಸೊನ್ನೆ. ಬೇರೆಯವರ ಮಗು ಆಗಿದ್ರೆ ಅರ್ಧ ಮಾರ್ಕ್ಸ್ ಕೊಡ್ತಿದ್ದೆ.” ಅಮ್ಮ ಇಣಚಿಯ ಕೂದಲನ್ನು ಹಿಂದಕ್ಕೆ ಸರಿಸಿದಳು. “ಯಾರೂ ನಮ್ಮನ್ನ ಎದ್ದು ಹೋಗು ಅಂತಿಲ್ಲ ಕಣೇ. ಇರು ಅಂತಾನೂ ಇಲ್ಲ. ಮೊದಲೆಲ್ಲ ಕಾವಲಿದ್ದ ಮನೆ, ಆಮೇಲೆ ಕಾವಲಿಲ್ಲ. ಅಷ್ಟೇ ವ್ಯತ್ಯಾಸ.”

ಮೇಣ ಕರಗಿ ಪ್ಲಾಸ್ಟರಿನ ಮೇಲೆ ಇಳಿಯುವುದನ್ನು ಮೂವರೂ ನೋಡಿದರು. ಮಗಳಿಗೆ ಕೇಳದೆ ಇರಲಾಗಲಿಲ್ಲ.

“ಹೆತ್ತವರಿಗೆ ಹಲ್ಲು ಹೋಗುತ್ತೆ ಅಂತಾರಲ್ಲ. ಹಾಗಾದ್ರೆ ನಿನ್ನ ಹಲ್ಲು ಹೋಗಿದ್ದು ನನ್ನಿಂದಾನಾ?”

“ಹೊಟ್ಟೇಲಿರೋ ಮಗು ಅಮ್ಮನ ಹಲ್ಲು ತಿನ್ನಲ್ಲ. ಅದು ಸುಳ್ಳು” ಎಂದಳು ಅಮ್ಮ, ತರಗತಿಯ ದನಿಯಲ್ಲಿ. ಆಮೇಲೆ ದನಿ ತಗ್ಗಿತು. “ನೀನು ಹುಟ್ಟಿದ ಮೇಲೆ ಒಸಡಲ್ಲಿ ರಕ್ತ ಬರೋಕೆ ಶುರುವಾಯ್ತು. ಆಗ್ಲೇ ತೋರಿಸ್ಕೋಬೇಕಿತ್ತು. ನಿಂಗೆ ಕೆಮ್ಮು. ಆಮೇಲೆ ನಿಂಗೆ ಹಲ್ಲು ಬರೋ ಗಲಾಟೆ. ಆಮೇಲೆ ಸ್ಕೂಲು. ನಾಳೆ ಹೋದ್ರಾಯ್ತು ಅಂತ ಮುಂದಕ್ಕೆ ಹಾಕ್ತಾನೇ ಬಂದೆ.”

ಮಗಳು ಚಾಕುವನ್ನು ಮತ್ತೆ ಜ್ವಾಲೆಗೆ ಹಿಡಿದಳು.

“ಅದು ಮೈಗೆ ಗೊತ್ತಿಲ್ದೆ ಆಗಿದ್ದಲ್ಲ. ನಾನು ಮಾಡಿದ್ದು. ಇನ್ನೊಂದ್ಸಲ ಕೊಟ್ರೂ ಅದನ್ನೇ ಮಾಡೋದು. ನೀನು ಅದಕ್ಕೆಲ್ಲ ಮುಖ ಸಣ್ಣ ಮಾಡ್ಬೇಡ. ಕೈ ನೋಡ್ಕೋ, ಸುಟ್ಕೊಂಡೀಯಾ.”

ಮಗಳು ಫೋಟೋವನ್ನು ಎತ್ತಿ ಡ್ರಾಯರಿನೊಳಗೆ ಇಟ್ಟಳು. ಬೇರೊಂದು ಸೆಟ್ ತೆಗೆದಳು. ಸ್ವಲ್ಪ ಗಿಡ್ಡ ಹಲ್ಲು, ಹಳೆಯ ದಂತದ ಬಣ್ಣ. ಮುಂದಿನ ನಾಲ್ಕರ ತುದಿಯನ್ನು ಅರದಿಂದ ತುಸುವೇ ಸವೆಸಿದಳು, ಅಷ್ಟು ವರ್ಷ ಊಟ ಮಾಡಿದ, ಅಷ್ಟು ವರ್ಷ ಮಾತಾಡಿದ ಹಲ್ಲಿನ ಹಾಗೆ. ಈ ಸಲ ಡಾಕ್ಟರಮ್ಮನ ಗೆರೆಯನ್ನು ದಾಟಲಿಲ್ಲ. ಬೇಗ ಮುಗಿಸಬಹುದಾದ ಕೆಲಸವನ್ನು ಅವಳು ಬೇಕೆಂದೇ ನಿಧಾನ ಮಾಡಿದಳು. ಬೆನ್ನ ಹಿಂದೆ ಅಮ್ಮನ ಮಾತು ಆಮೆಗಳ ತನಕ ಬಂದಿತ್ತು.

ಸಂಜೆ ಅಮ್ಮ ಮೇಣದ ಹಲ್ಲಿಟ್ಟುಕೊಂಡು “ಸಾಸಿವೆ” ಎಂದಳು. ಸಾಸಿವೆ ಸಾಸಿವೆಯಾಗಿಯೇ ಬಂತು. ತುಟಿ ಕೂಡಿತು. ಡಾಕ್ಟರಮ್ಮ ತಲೆಯಾಡಿಸಿದಳು. ಗಟ್ಟಿಯಾಗಿ ಕೈಗೆ ಬರಲು ಇನ್ನೆರಡು ದಿನ. ಅಮ್ಮ ಹಲ್ಲನ್ನು ತೆಗೆದುಕೊಟ್ಟು, ಬರಿಬಾಯಲ್ಲೇ ಬೀದಿಯುದ್ದಕ್ಕೂ ಮಾತಾಡುತ್ತ ನಡೆದಳು. ಎಡಗೈಯನ್ನು ಇಣಚಿ ಹಿಡಿದಿದ್ದಳು.

ಮನೆಯಲ್ಲಿ ಮಗಳು ಒಲೆಯ ಮೇಲೆ ಹಾಲಿಟ್ಟು ಬಾಗಿಲಿಗೆ ಒರಗಿ ನಿಂತಳು.

“ಮತ್ತೆ ಆಮೆ ಯಾಕಜ್ಜಿ ಅಷ್ಟು ವರ್ಷ ಇರುತ್ತೆ?” ಎನ್ನುತ್ತಿದ್ದಳು ಇಣಚಿ.

“ಬೆನ್ನ ಮೇಲೆ ಚಿಪ್ಪಿದೆಯಲ್ಲ, ಅದನ್ನ ಹಿಡಿದು ತಿನ್ನೋರು ಕಮ್ಮಿ. ತುಂಬ ವರ್ಷ ಉಳಿದು ಮತ್ತೆ ಮತ್ತೆ ಮೊಟ್ಟೆ ಇಡುತ್ತೆ. ಅದಕ್ಕೇ ಅದರ ಜರಡಿ ಹಿಡಿಯೋರು ಅಷ್ಟು ಬೇಗ ಎದ್ದು ಹೋಗಲ್ಲ…”

ಹಾಲು ಪಾತ್ರೆಯ ಅಂಚಿಗೆ ಏರಿತು. ಒಲೆ ಆರಿಸಲು ಒಂದು ಹೆಜ್ಜೆ ಸಾಕಿತ್ತು. ಅಮ್ಮ ವಾಕ್ಯ ಮುಗಿಸಲಿ ಎಂದು ಮಗಳು ಕದಲದೆ ನಿಂತಳು.